ಐದನೆಯ ಅಡಿ

ಕಾರಾಗೃಹ, ಮೂರನೆಯ ಬ್ಯಾರಕ್
19 ಫೆಬ್ರುವರಿ 2024

ಎಲೈ ಅಜಯಕುಮಾರಾ! ಗಣಿತ ಸಾಮ್ರಾಜ್ಯದ ಸಾರ್ವಭೌಮಾ!

ಮೊನ್ನೆ ಮೊನ್ನೆಯವರೆಗೆ ಸಿಂಹಾಸನದ ಮೇಲೆ ಕುಳಿತು ಗುಡುಗುತ್ತಿದ್ದ ಚಂಡವಿಕ್ರಮ ಮಹಾರಾಜ ಇವತ್ತು ಹರಿದ ಕಂಬಳಿಯ ಮೇಲೆ ಕುಳಿತು ತನ್ನ ಬಾಲ್ಯದ ಗೆಳೆಯನಿಗೆ ಓಲೆ ಬರೆಯುತ್ತಿದ್ದಾನೆ. ಎಡಗಣ್ಣು ಇನ್ನೂ ತೆರೆದಿಲ್ಲ. ಮುಂದಿನ ಎರಡು ಹಲ್ಲು ಜಕ್ಕಲಿಯ ಮಣ್ಣಿನಲ್ಲಿವೆ. ಪಕ್ಕೆಲುಬು ಎಷ್ಟು ಮುರಿದಿವೆ ಎಂದು ದವಾಖಾನೆಯವರು ಹೇಳಿದರು, ಮರೆತೆ. ಲೆಕ್ಕ ನಿನ್ನ ಕಸಬು, ನನ್ನದಲ್ಲ.

ಆ ಭಾನುವಾರ ಮಧ್ಯಾಹ್ನ ಮೂರು ಗಂಟೆಯ ತಯಾರಿಯನ್ನು ನಿನಗೆ ಇನ್ನೊಮ್ಮೆ ಆಡಿ ತೋರಿಸುತ್ತೇನೆ, ನೋಡು. ಸಂಜೆಗೆ ಜಕ್ಕಲಿಯಲ್ಲಿ ನಮ್ಮ ಗಜೇಂದ್ರಗಡದ ನೇಕಾರರ ನಾಟಕ. ಖಳರಾಜ ನಾನು, ಯುವರಾಜ ಶರತ, ನಿರ್ದೇಶಕ ನೀನು. ಹೋದ ವರ್ಷ ಇಟಗಿಯಲ್ಲಿ ನಾನು ರಟ್ಟಿನ ಕೊಡಲಿ ಇಳಿಸಿದಾಗ ಯಾವನೋ "ಏ ಮಾರಾಜಾ, ಅದರಲೆ ಬೆಣ್ಣಿನರ ಕೊಯ್ಯಾಕ ಬರ್ತೈತೇನೋ?" ಎಂದು ಕೂಗಿದ್ದ. ಜನವೆಲ್ಲ ಬಿದ್ದು ಬಿದ್ದು ನಕ್ಕಿತ್ತು. ಆ ನಗು ವರ್ಷವಿಡೀ ನನ್ನ ಎದೆ ಕೊರೆಯಿತು. ಅದಕ್ಕೇ ಈ ಸಲ ರೋಣದ ಮದರಸಾಬನ ಕಡೆಯಿಂದ ಏಳು ಕಿಲೋ ತೂಕದ ಕಬ್ಬಿಣದ ಕೊಡಲಿ ಮಾಡಿಸಿದೆ. ಅದು ಬಂದದ್ದೇ ಅವತ್ತು ಮಧ್ಯಾಹ್ನ. ಖಾಲಿ ರಂಗದ ಮೇಲೆ ಒಮ್ಮೆ ಇಳಿಸಿ ನೋಡುವ ಪುರುಸೊತ್ತೂ ಸಿಗಲಿಲ್ಲ.

ಶರತನ ತಲೆಯ ಮೇಲೆ ಹಗ್ಗಕ್ಕೆ ತೂಗುಬಿಟ್ಟ ಕೊಡಲಿಯ ಅಲಗು ನೆಲದಿಂದ ಹದಿನೈದು ಅಡಿ ಮೇಲೆ, ಹಗ್ಗದ ತುದಿ ಸಿಂಹಾಸನದಲ್ಲಿ ಕುಳಿತ ನನ್ನ ಕೈಯಲ್ಲಿ. ಗಾಲಿಗಳನ್ನು ಹೇಗೆ ಜೋಡಿಸಿದ್ದೆವೆಂದರೆ, ನನ್ನ ಕೈ ಒಂದು ಅಡಿ ಹಗ್ಗ ಬಿಟ್ಟರೆ ಅಲ್ಲಿ ಕೊಡಲಿ ಎರಡು ಅಡಿ ಇಳಿಯುತ್ತಿತ್ತು. ಒಂಬತ್ತು ಅಡಿಗೆ ಝಾಲರಿಯ ಪರದೆ ಕಟ್ಟಿತ್ತು; ಅದರ ಕೆಳಗೆ ಬರದಿದ್ದರೆ ಜನಕ್ಕೆ ಕೊಡಲಿ ಕಾಣುವುದಿಲ್ಲ. ಏಳು ಅಡಿಗಿಂತ ಕೆಳಗೆ ಬಂದರೆ ಕಿರೀಟ ತೊಟ್ಟ ಆರಡಿಯ ಶರತನಿಗೆ ಬಡಿಯುತ್ತದೆ. "ಅಂದಾಜಿನ ಮ್ಯಾಲ ಬ್ಯಾಡಲೇ ನಿಂಗ್ಯಾ, ಲೆಕ್ಕಾ ಹಾಕಿ ಕೊಡ್ತೀನಿ" ಅಂದವನು ನೀನು. ನಿಂತಲ್ಲೇ ಚೀಟಿ ಬರೆದೆ. ಮೇಲೆ ನಿನ್ನ ಗಣಿತ, ಕೆಳಗೆ ದಪ್ಪ ಅಕ್ಷರದಲ್ಲಿ: ನಾಲ್ಕು ಅಡಿಗಿಂತ ಕಡಿಮೆ ಬಿಡಬೇಡ.

ಬಿಟ್ಟೆ. ಸಂಜೆ ಆಟದ ನಡುವೆ "ಯುವರಾಜಾ, ನಿನ್ನ ಕಡೆಯ ಉಸಿರನ್ನು ಎಣಿಸು! ಇಳಿಯಲಿ ಗಂಡುಗೊಡಲಿ!" ಎಂದು ಘರ್ಜಿಸಿ ಐದು ಅಡಿ ಬಿಟ್ಟೆ. ಹಸಿ ಕಬ್ಬಿನ ಕಟ್ಟು ಕಡಿದಂಥ ಸಪ್ಪಳ ಬಂತು. ಜನ ಸಿಳ್ಳೆ ಹೊಡೆದರು, ಚಪ್ಪಾಳೆ ತಟ್ಟಿದರು! ಹದಿನಾಲ್ಕು ವರ್ಷದಲ್ಲಿ ನನಗೆ ಬಿದ್ದ ಮೊದಲ ಚಪ್ಪಾಳೆ. ಶರತ ಕತ್ತು ಓರೆ ಮಾಡಿದ್ದರಿಂದ ತಲೆ ಉಳಿಯಿತು, ಬಲಭುಜ ಉಳಿಯಲಿಲ್ಲ. ರಕ್ತ ಮುಂದಿನ ಸಾಲಿನ ಹೆಂಗಸರ ಮೇಲೆ ಹಾರಿದ ಮೇಲೆಯೇ ಚಪ್ಪಾಳೆ ನಿಂತದ್ದು. ಆಮೇಲೆ ಕಲ್ಲು, ಬಡಿಗೆ, ಚಪ್ಪಲಿ, ಕುರ್ಚಿ.

ಎರಡು ದಿನ ಮುಂಚೆ ಚಹಾದಂಗಡಿಯಲ್ಲಿ ಶರತ ನನಗೆ ಏನಂದಿದ್ದ, ನೆನಪಿದೆಯಲ್ಲ? "ನಿನಗ ಖಳನ ಪಾರ್ಟ್ ಯಾಕ ಕೊಡ್ತಾರ ಗೊತ್ತೇನಲೇ? ಮಾರಿಗೆ ಬಳಿಯೂ ಕರೀ ಬಣ್ಣಾ ಉಳೀತೈತಿ!" ಆಗ ನಾನು "ನಿನ್ನ ತೋಳ ಕಡದ ತೋರಣಾ ಕಟ್ಟತೀನಿ ಮಗನ" ಅಂದದ್ದನ್ನು ಇಪ್ಪತ್ತು ಮಂದಿ ಕೇಳಿದ್ದಾರೆ. ಇಪ್ಪತ್ತೂ ಮಂದಿ ಪೊಲೀಸರಿಗೆ ಹೇಳಿದ್ದಾರೆ. ನನ್ನ ಮೇಲಿರುವುದು ಕೊಲೆ ಯತ್ನದ ಕೇಸು. ಹತ್ತು ವರ್ಷ ಒಳಗೆ ಎನ್ನುತ್ತಾರೆ ವಕೀಲರು.

ನಾನು ನೆಲಕ್ಕೆ ಬಿದ್ದಾಗ ತೆರೆದಿದ್ದ ಒಂದೇ ಕಣ್ಣಿನಿಂದ ಒಂದು ದೃಶ್ಯ ಕಂಡೆ. ಸಿಂಹಾಸನದ ಮೇಲಿದ್ದ ಚೀಟಿಯನ್ನು ನೀನು ಎತ್ತಿ ಕಿಸೆಗೆ ಇಟ್ಟುಕೊಂಡೆ. ಆ ಚೀಟಿ ಕೋರ್ಟಿಗೆ ಬರಲಿ. ಅದೊಂದೇ ನನ್ನ ಗುರಾಣಿ.

ನಿನ್ನ ದಾರಿ ಕಾಯುವ,
ಚಂಡವಿಕ್ರಮ ಉರ್ಫ್ ನಿಂಗರಾಜ

*

ಕೊಣ್ಣೂರು
11 ಮಾರ್ಚ್ 2024

ನಿಂಗರಾಜ,

ಪತ್ರ ಮುಟ್ಟಿತು. ಶರತನ ಬಲಗೈಯನ್ನು ಭುಜದ ಬುಡಕ್ಕೇ ತೆಗೆದಿದ್ದಾರೆ. ಜೀವಕ್ಕೆ ಅಪಾಯವಿಲ್ಲ.

ಚೀಟಿಯ ವಿಷಯ. ಮೂರರಿಂದ ನಾಲ್ಕು ಅಡಿ ಎಂದು ಬರೆದ ನೆನಪು ನನಗೆ. ಆ ಗದ್ದಲದಲ್ಲಿ ನೀನು ಅರ್ಧ ಓದಿರಬಹುದು. ಅದು ಈಗ ನನ್ನ ಬಳಿ ಇಲ್ಲ. ನರಗುಂದದ ಕಾಲೇಜಿನಲ್ಲಿ ಒಂಬತ್ತು ವರ್ಷದಿಂದ ಪಿಯುಸಿ ಮೊದಲ ವರ್ಷದವರಿಗೆ ನಾನು ಇದೇ ಅಸಮತೆಗಳ ಪಾಠ ಹೇಳುತ್ತಿದ್ದೇನೆ. ಇಷ್ಟು ಸಣ್ಣ ಲೆಕ್ಕ ತಪ್ಪುವುದಿಲ್ಲ.

ಕೈ ತಪ್ಪಿತು ಎಂದು ಹೇಳಿ ಕೋರ್ಟಿನಲ್ಲಿ ಕ್ಷಮೆ ಕೇಳುವುದು ಒಳ್ಳೆಯದು. ಆರೋಗ್ಯ ನೋಡಿಕೋ.

ಅಜಯಕುಮಾರ

*

ಮೂರನೆಯ ಬ್ಯಾರಕ್
27 ಮಾರ್ಚ್ 2024

ನೆನಪಂತೆ, ನೆನಪು!

ಎಲವೋ ವಂಚಕಾ, ಈ ಕಬ್ಬಿಣದ ಸರಳುಗಳು ನಮ್ಮಿಬ್ಬರ ನಡುವೆ ಇಲ್ಲದಿದ್ದರೆ ನಿನ್ನ ಗಂಟಲಿಗೆ ಕೈ ಹಾಕಿ ಆ ನೆನಪನ್ನು ಹೊರಗೆ ಎಳೆಯುತ್ತಿದ್ದೆ! ನಿನ್ನೆ ಊಟದ ಸಾಲಿನಲ್ಲಿ ಒಬ್ಬ ನನ್ನನ್ನು "ಏ ಕೈಕಡಕಾ" ಅಂದ. ತಾಟಿನಿಂದ ಅವನ ಮೂಗು ಒಡೆದೆ. ಪ್ರತಿಯಾಗಿ ನಾಲ್ಕು ಮಂದಿ ಸೇರಿ ನನ್ನನ್ನು ಸಂಡಾಸಿನ ಗೋಡೆಗೆ ಹಾಕಿ ತಿಕ್ಕಿದರು. ಆ ಏಟುಗಳ ಲೆಕ್ಕವೆಲ್ಲ ನಿನ್ನ ಹೆಸರಿಗೆ.

ಅರ್ಧ ಓದಿದೆನಂತೆ. ನೇಕಾರನ ಮಗನಿಗೆ ಇದನ್ನು ಹೇಳುತ್ತೀಯಾ? ಮಗ್ಗಕ್ಕೆ ಬಿಗಿದ ಉದ್ದ ನೂಲಿನ ಹಾಸಿನ ಮೇಲೆ ಒಂದು ಸೀರೆ ಎಲ್ಲಿಗೆ ಮುಗಿಯಬೇಕೋ ಅಲ್ಲಿ ನಾವು ಬಣ್ಣದ ದಾರ ಕಟ್ಟುತ್ತೇವೆ. ದಾರ ಮುಟ್ಟುವ ಮುಂಚೆ ನಿಲ್ಲಿಸಿದರೆ ಸಾವುಕಾರ ಸೀರೆಯನ್ನು ಮುಖಕ್ಕೆ ಎಸೆಯುತ್ತಾನೆ. ದಾರ ದಾಟಿ ನಾಲ್ಕು ಬೆರಳು ಹೆಚ್ಚು ನೇಯ್ದರೆ ಯಾರೂ ಕಮಕ್ ಕಿಮಕ್ ಅನ್ನುವುದಿಲ್ಲ. ನೀನು "ಕಡಿಮೆ ಬಿಡಬೇಡ" ಎಂದು ಬರೆದೆ, ನಾನು ಹಗ್ಗದ ನಾಲ್ಕನೆಯ ಅಡಿಗೆ ಕೆಂಪು ದಾರ ಕಟ್ಟಿದೆ. ನಮ್ಮ ಕೈಗೆ ರೂಢಿಯಾದದ್ದು ಅಷ್ಟೇ, ದಾರ ಮುಟ್ಟು, ದಾಟು. ಮೂರರಿಂದ ನಾಲ್ಕು ಎಂದು ಬರೆದಿದ್ದರೆ ಎರಡು ದಾರ ಕಟ್ಟುತ್ತಿರಲಿಲ್ಲವೇನೋ? ಪಂಚನಾಮೆಯಲ್ಲಿ ಇರುವುದು ಒಂದೇ ದಾರ!

ಹತ್ತನೆಯ ತರಗತಿಯ ಗಣಿತದಲ್ಲಿ ಮೂರು ಸಲ ಬಿದ್ದವನು ನಾನು. ಆದರೂ ನಿನ್ನ ಲೆಕ್ಕವನ್ನು ನಾನೇ ಮಾಡಿ ನೋಡುತ್ತೇನೆ. ಪಕ್ಕದ ಹಾಸಿಗೆಯ ಅಬ್ದುಲಗನಿ ಇಲ್ಲಿಂದಲೇ ಪಿಯುಸಿ ಕಟ್ಟಿದ್ದಾನೆ, ಪುಸ್ತಕ ಅವನದು. ಬಿಟ್ಟ ಹಗ್ಗ x ಅಡಿ ಎಂದು ಇಟ್ಟುಕೊಂಡರೆ ಕೊಡಲಿಯ ಎತ್ತರ 15 − 2x. ಅದು ಏಳಕ್ಕಿಂತ ಕಡಿಮೆ ಇರಬಾರದು, ಒಂಬತ್ತಕ್ಕಿಂತ ಹೆಚ್ಚಿರಬಾರದು.

7 ≤ 15 − 2x ≤ 9

ಮೂರೂ ಕಡೆ ಹದಿನೈದು ಕಳೆದೆ. −8 ≤ −2x ≤ −6. ಮೂರನ್ನೂ −2 ರಿಂದ ಭಾಗಿಸಿದೆ. 4 ≤ x ≤ 3 ಬಂತು! ಅಬ್ದುಲಗನಿ ಹೊಟ್ಟೆ ಹಿಡಿದುಕೊಂಡು ನಕ್ಕ. "ನಾಕಕ್ಕಿಂತ ದೊಡ್ಡದು, ಮೂರಕ್ಕಿಂತ ಸಣ್ಣದು! ಅಂಥಾ ಅಂಕಿ ಹಡಿಯಾಕ ಯಾ ತಾಯಿ ಕೈಲೂ ಆಗೂದಿಲ್ಲಪಾ ಮಾರಾಜ!"

ಎಲ್ಲೋ ತಪ್ಪಿದ್ದೇನೆ. ಹುಡುಕುತ್ತೇನೆ. ಚೀಟಿ ಕಳಿಸು.

ಹಲ್ಲು ಕಡಿಯುತ್ತ,
ನಿಂಗರಾಜ

*

ಗಜೇಂದ್ರಗಡ
18 ಏಪ್ರಿಲ್ 2024

ನಿಂಗರಾಜಗ, ಶರತನ ಅವ್ವ ಗುಡ್ಡವ್ವ ಹೇಳಿ ಬರಸೂದು. ಬರಿಯಾಕಿ ನನ್ನ ಸೊಸಿ ಸುಧಾರಾಣಿ.

ನಿನಗ ಆರಾಮ ಅದಿ ಏನಂತ ನಾ ಕೇಳೂದಿಲ್ಲ. ಆರಾಮ ಇರಬಾರದು ನೀನು. ನನ್ನ ಕೈಲಿ ರೊಟ್ಟಿ ತಿಂದ ಬಾಯಿಗೆ ಹುಳಾ ಬೀಳಲಿ.

ಹೋದ ಸೋಮವಾರ ಶರತ ಮಗ್ಗದ ಕುಣಿಯೊಳಗ ಇಳದು ಕುಂತಾ. ಎಡಗೈಲೆ ಲಾಳಿ ಒಗದಾ. ಎಳಿ ಬಿಗಿ ಮಾಡೂ ಹಣಿಗಿ ಬಡಿಯಾಕ ಇನ್ನೊಂದ ಕೈ ಇಲ್ಲ. ಹಲ್ಲಲೆ ಅದರ ಹಗ್ಗಾ ಕಚ್ಚಿ ಎಳದಾ, ತುಟಿ ಹರದು ರಕ್ತ ಸೀರಿ ಮ್ಯಾಲ ಬಿತ್ತು. ಆಮ್ಯಾಲ ಎದ್ದು ಬಂದು ಕಟಗಿ ಒಡಿಯೂ ಕೊಡ್ಲಿ ತಗೊಂಡು ಎಡಗೈಲೇ ಮಗ್ಗಾ ಕಡದ ಹಾಕಿದಾ. ನಮ್ಮ ಮಾಂವನ ಕಾಲದ ಮಗ್ಗ ಅದು. ಅಡ್ಡ ಹೋದ ನನ್ನ ಮೊಳಕೈಗೂ ಬಿತ್ತು ಒಂದ ಏಟು. ಆರ ಹೊಲಿಗಿ ಹಾಕ್ಯಾರ.

ಪೊಲೀಸರು ಬಂದು "ಅಂವ ಬೇಕಂತ ಮಾಡಿದ್ನೇನು?" ಅಂತ ಕೇಳಿದ್ರ ಶರತ ಹೂಂ ಅನ್ನೂದಿಲ್ಲ, ಉಹೂಂ ಅನ್ನೂದಿಲ್ಲ, ಗ್ವಾಡಿ ಕಡಿ ಮಾರಿ ಮಾಡ್ತಾನ. ನಾ ಕೇಳಿದ್ರೂ ಹಂಗ. ನೀವು ಸಣ್ಣಾವ್ರಿದ್ದಾಗ ಒಂದ ತಾಟಿನ್ಯಾಗ ಉಂಡಾವ್ರು. ನಿನ್ನ ಮ್ಯಾಲ ಹೇಳಾಕ ಅವನ ಬಾಯಿ ಬರವಲ್ತೋ, ಅಥವಾ ಖರೇನ ಅವಗ ಗೊತ್ತಿಲ್ಲೋ, ನನಗ ತಿಳೀವಲ್ದು.

ಅದಕ್ಕ ನಿನ್ನ ಕೇಳ್ತೀನಿ. ಒಂದ ಮಾತು ಬರಿ ಸಾಕು. ಆ ಕಡೀ ಹಗ್ಗಾ ಬಿಡೂ ಮುಂದ ನೀ ನನ್ನ ಮಗನ ಮಾರಿ ನೋಡಿದ್ದಿ ಏನು?

ಗುಡ್ಡವ್ವ (ಹೆಬ್ಬೆಟ್ಟು)

*

ಮೂರನೆಯ ಬ್ಯಾರಕ್
3 ಜೂನ್ 2024

ಅಜಯಾ,

ಗುಡ್ಡವ್ವ ಅವ್ವನಿಂದ ಪತ್ರ ಬಂದಿದೆ. ಉತ್ತರ ಬರೆದಿಲ್ಲ. ನಾಲ್ಕು ಸಲ ಹಾಳೆ ಎತ್ತಿಕೊಂಡೆ, ನಾಲ್ಕು ಸಲವೂ ಬರೀ ನಾಟಕದ ಮಾತು ಬಂತು, ಹರಿದು ಹಾಕಿದೆ.

ಆದರೆ ನಿನ್ನ ಲೆಕ್ಕ ಸಿಕ್ಕಿತು! ಬಾರಿಸಿರೋ ನಗಾರಿ!

ಅಬ್ದುಲಗನಿ ನನ್ನನ್ನು ಅಂಗಳದ ಬಾವಿಯ ಬಳಿ ನಿಲ್ಲಿಸಿದ. "ನೆಲದ ಮ್ಯಾಲ ಮೆಟ್ಟಲ ಹತ್ತಿದ್ರ ಮೂರ ಹತ್ತಿದಾಂವ ಮ್ಯಾಲೋ, ಎರಡ ಹತ್ತಿದಾಂವ ಮ್ಯಾಲೋ?"

"ಮೂರ ಹತ್ತಿದಾಂವ."

"ಅವರಿಬ್ಬರನ್ನೂ ಹಿಡದು ಬಾವ್ಯಾಗ ಅಷ್ಟಷ್ಟ ಮೆಟ್ಟಲ ಕೆಳಗ ನೂಕು. ಈಗ ಯಾರು ಮ್ಯಾಲ?"

"ಎರಡರಾಂವ."

"ಇಷ್ಟಪಾ. ಋಣ ಅಂಕಿ ಅಂದ್ರ ಬಾವ್ಯಾಗ ನೂಕೂದು. ಮ್ಯಾಲಿದ್ದಾಂವ ಕೆಳಗ ಹೋಗ್ತಾನ. ಅದಕ್ಕ ಋಣ ಅಂಕಿಲೆ ಭಾಗಿಸಿದ್ರ ಚಿಹ್ನೆ ತಿರುಗಿಸಬೇಕು. ಎರಡ ಚಿಹ್ನೆ ಇದ್ರ ಎರಡೂ."

ಎರಡೂ ತಿರುಗಿಸಿದೆ. 4 ≥ x ≥ 3. ಮೂರಕ್ಕಿಂತ ಕಡಿಮೆಯಿಲ್ಲ, ನಾಲ್ಕಕ್ಕಿಂತ ಹೆಚ್ಚಿಲ್ಲ. ಹಗ್ಗ ಹೆಚ್ಚು ಬಿಟ್ಟಷ್ಟೂ ಎತ್ತರ ಕಡಿಮೆ, ಎಷ್ಟು ಸರಳ! ಆಮೇಲೆ ನನ್ನ ತಲೆಗೆ ಸಿಡಿಲು ಹೊಡೆಯಿತು. ಅವಸರದಲ್ಲಿ ಒಬ್ಬ ಒಂದೇ ಚಿಹ್ನೆ ತಿರುಗಿಸಿ, ಎಡಗಡೆಯದನ್ನು ಹಾಗೇ ಬಿಟ್ಟರೆ? 4 ≤ x, x ≥ 3. ನಾಲ್ಕಕ್ಕಿಂತಲೂ ಕಡಿಮೆಯಿಲ್ಲ, ಮೂರಕ್ಕಿಂತಲೂ ಕಡಿಮೆಯಿಲ್ಲ. ಎರಡೂ ಕೂಡಿದರೆ ನಾಲ್ಕು ಅಡಿಗಿಂತ ಕಡಿಮೆ ಬಿಡಬೇಡ! ಮೇಲಿನ ಮಿತಿಯೇ ಮಾಯ! ಐದು ಬಿಡು, ಆರು ಬಿಡು, ಯುವರಾಜನನ್ನು ಎರಡು ಸೀಳು ಮಾಡು, ನಿನ್ನ ಚೀಟಿ ಬೇಡ ಅನ್ನುವುದಿಲ್ಲ!

ಅಕ್ಷರಕ್ಕೆ ಅಕ್ಷರ ಅದೇ ಮಾತು. ಇದು ನನ್ನ ಕನಸಲ್ಲ, ಮಾಸ್ತರಾ.

ಜುಲೈ 30ಕ್ಕೆ ಕೋರ್ಟು. ನಿನಗೆ ಸಾಕ್ಷಿ ಸಮನ್ಸು ಹೋಗುತ್ತದೆ. ಬಾ.

ನಿಂಗರಾಜ

*

ಕೊಣ್ಣೂರು
1 ಆಗಸ್ಟ್ 2024

ನಿಂಗರಾಜ,

ಮೊನ್ನೆ ಕೋರ್ಟಿಗೆ ಬರಲಾಗಲಿಲ್ಲ. ಮಲಪ್ರಭೆ ತುಂಬಿದ್ದಾಳೆ, ಇಲ್ಲಿಯ ಸೇತುವೆಯ ಮೇಲೆ ನೀರು ಬಂದಿದೆ. ಬಸ್ಸು ಬಂದ್. ವಕೀಲರಿಗೆ ಫೋನ್ ಮಾಡಿ ತಿಳಿಸಿದ್ದೇನೆ. ಮುಂದಿನ ತಾರೀಕು ನೋಡೋಣ.

ಅಜಯಕುಮಾರ

*

ಮೂರನೆಯ ಬ್ಯಾರಕ್
9 ಆಗಸ್ಟ್ 2024

ಹೇಡಿ!

ನಿಮ್ಮೂರು ಹೊಳೆಯ ಈ ಕಡೆ ಇದೆ. ನರಗುಂದಕ್ಕೆ ಬರಲು, ರೋಣಕ್ಕೆ ಬರಲು, ಕೋರ್ಟಿಗೆ ಬರಲು ಆ ಸೇತುವೆಯನ್ನು ನೀನು ಯಾವತ್ತು ದಾಟಿದ್ದೀಯೋ? ಸುಳ್ಳು ಹೇಳಲೂ ಒಂದು ತಾಲೀಮು ಬೇಕು, ನಿನಗೆ ಅದೂ ಇಲ್ಲ. ಆ ಪ್ರವಾಹಕ್ಕೇ ಹಾರು ಹೋಗು! ನಿನ್ನ ಹೆಣ ತೇಲಿ ಬಂದರೆ ಕಿಸೆಯಲ್ಲಿ ಚೀಟಿ ಇದೆಯೋ ಎಂದು ಮೊದಲು ನೋಡುವವನು ನಾನು!

ನಿಂಗರಾಜ

*

ನರಗುಂದ
30 ಆಗಸ್ಟ್ 2024

ಪ್ರಿಯ ನಿಂಗ್ಯಾ,

ಚೀಟಿ ನನ್ನ ಹತ್ತಿರ ಇದೆ. ಮೊದಲಿನಿಂದಲೂ ಇತ್ತು. ಲೆಕ್ಕದ ಪುಸ್ತಕದ ರಟ್ಟಿನೊಳಗೆ ಇಟ್ಟು ಅಂಟು ಹಾಕಿದ್ದೆ. ಸುಡಲು ಎರಡು ಸಲ ಕಡ್ಡಿ ಗೀರಿದೆ.

ನೀನು ಜೂನ್‌ನಲ್ಲಿ ಬರೆದದ್ದು ಸರಿ. ಎಡಗಡೆಯ ಚಿಹ್ನೆ ತಿರುಗಿಸಲಿಲ್ಲ. ಅವತ್ತು ಹಾರ್ಮೋನಿಯಂನವನು ಕೂಗುತ್ತಿದ್ದ, ಪರದೆ ಸಿಕ್ಕಿಕೊಂಡಿತ್ತು, ನಾನು ಮೊಣಕಾಲ ಮೇಲೆ ಕಾಗದ ಇಟ್ಟು ಬರೆದೆ. ಇವೆಲ್ಲ ಕಾರಣಗಳಲ್ಲ. ಒಂಬತ್ತು ವರ್ಷ ಮಕ್ಕಳಿಗೆ ಹೇಳಿದ ಪಾಠ ಇದು.

ಹೋದ ವಾರ ತರಗತಿಯಲ್ಲಿ ಇದೇ ಪಾಠ ಬಂತು. ಮಾಲಾ ಎಂಬ ಹುಡುಗಿ ಬೋರ್ಡಿಗೆ ಬಂದು ಒಂದೇ ಚಿಹ್ನೆ ತಿರುಗಿಸಿದಳು. ಹೊಡೆದೆ. ಎಂದೂ ಯಾರಿಗೂ ಬೆರಳು ತಾಗಿಸಿದವನಲ್ಲ ನಾನು. ಅವಳು ಬೆಂಚಿಗೆ ಬಡಿದು ಬಿದ್ದಳು, ಕಿವಿಯಿಂದ ರಕ್ತ ಬಂತು. ಬಿದ್ದಲ್ಲಿಂದಲೇ "ಸರ್, ತಪ್ಪಾತ್ರಿ, ತಿದ್ದತೀನ್ರಿ" ಅಂದಳು. ತಪ್ಪಾಯಿತು ಎಂದು ಹೇಳಲು ಅವಳಿಗೆ ಒಂದು ಕ್ಷಣ ಸಾಕಾಯಿತು. ನನಗೆ ಏಳು ತಿಂಗಳು ಬೇಕಾಯಿತು.

ಕಾಲೇಜಿನವರು ನನ್ನನ್ನು ಅಮಾನತು ಮಾಡಿದ್ದಾರೆ. ಅದು ನ್ಯಾಯವೇ. ಸೆಪ್ಟೆಂಬರ್ 13ಕ್ಕೆ ನಾನು ಸಾಕ್ಷಿ ಕಟ್ಟೆಯಲ್ಲಿ ನಿಂತು ಚೀಟಿ ಕೊಡುತ್ತೇನೆ. ನೀನು ನಾನು ಬರೆದ ಹಾಗೆಯೇ ಮಾಡಿದೆ, ನಿನ್ನ ಕೈಯಲ್ಲಿ ಯಾವ ಪಾಪವೂ ಇಲ್ಲ ಎಂದು ಹೇಳುತ್ತೇನೆ. ಶರತನ ಮನೆಗೆ ಹೋಗಿ ಕಾಲಿಗೆ ಬಿದ್ದು ಇದನ್ನೇ ಹೇಳಿದೆ. ಅವನು ನನ್ನ ಮುಖಕ್ಕೆ ಉಗುಳಿದ. ಒರೆಸಿಕೊಳ್ಳಲಿಲ್ಲ.

ಇಷ್ಟು ದಿನ ನಿನ್ನನ್ನು ಅಲ್ಲಿ ಕೊಳೆಯಲು ಬಿಟ್ಟೆ. ಕ್ಷಮೆ ಕೇಳುವ ಮುಖ ಇಲ್ಲ.

ನಿನ್ನ,
ಅಜಯ

*

ಮೂರನೆಯ ಬ್ಯಾರಕ್
10 ಸೆಪ್ಟೆಂಬರ್ 2024

ಗುಡ್ಡವ್ವ ಅವ್ವನಿಗೆ,

ನೀವು ಕೇಳಿ ಐದು ತಿಂಗಳಾಯಿತು. ಸುಧಾರಾಣಿ ಇದನ್ನು ಓದಿ ಹೇಳಲಿ. ಶರತನೂ ಕೇಳುವಂತೆ ಓದಲಿ.

ಅಜಯ ನಿಮ್ಮ ಮನೆಗೆ ಬಂದು ತಪ್ಪೆಲ್ಲ ತನ್ನದೇ ಎಂದು ಹೇಳಿದನಂತೆ. ಶುಕ್ರವಾರ ಕೋರ್ಟಿನಲ್ಲೂ ಹೇಳುತ್ತಾನೆ. ಚೀಟಿ ಬಂತೆಂದು ವಕೀಲರು ಕುಣಿದಾಡುತ್ತಿದ್ದಾರೆ. "ನೀ ಬಾಯಿ ಮುಚಗೊಂಡು ನಿಂತರ ಸಾಕು ನಿಂಗರಾಜ, ದಸರಾಕ್ಕ ಮನ್ಯಾಗ ಇರ್ತಿ" ಎಂದರು. ಹೂಂ ಎಂದೆ. ವಾಪಸು ಬಂದು ಈ ಹಾಳೆ ಎತ್ತಿಕೊಂಡೆ.

ಚೀಟಿ ಸುಳ್ಳಲ್ಲ ಅವ್ವಾ. ನಾಲ್ಕು ಅಡಿಗಿಂತ ಕಡಿಮೆ ಬಿಡಬೇಡ ಎಂದೇ ಇತ್ತು. ನಾಲ್ಕು ಅಡಿ ಬಿಟ್ಟೆ, ದಾರ ಮುಷ್ಟಿಗೆ ಬಂತು, ನಿಲ್ಲಿಸಿದೆ. ನಿಂತಿತ್ತು. ಇದನ್ನು ನಾನು ಯಾರಿಗೂ ಹೇಳಿಲ್ಲ. ಕೊಡಲಿ ಶರತನ ಕಿರೀಟದ ಮೇಲೆ ನಾಲ್ಕು ಬೆರಳು ಎತ್ತರದಲ್ಲಿ ತೂಗುತ್ತಿತ್ತು. ಇನ್ನು ಬಿಟ್ಟರೆ ಏನಾಗುತ್ತದೆ ಎಂದು ತಿಳಿಯಲು ಯಾವ ಗಣಿತವೂ ಬೇಕಿರಲಿಲ್ಲ, ಕಣ್ಣು ಸಾಕಾಗಿತ್ತು. ಆರು ತಿಂಗಳು ಆ ಲೆಕ್ಕವನ್ನು ನೂರು ಸಲ ಬಿಡಿಸಿದ್ದೇನೆ. ನನ್ನ ಕಣ್ಣು ಕಂಡದ್ದು ಅದರಲ್ಲಿ ಎಲ್ಲೂ ಬರುವುದಿಲ್ಲ ಎಂಬ ಒಂದೇ ಸಮಾಧಾನಕ್ಕೆ.

ಶರತ ಮೇಲೆ ನೋಡಿದ. ಆಮೇಲೆ ನನ್ನ ಕಡೆ ನೋಡಿ ಮೆಲ್ಲಗೆ "ಸಾಕಲೇ" ಎಂದ. ಗೆಳೆಯನ ಹಾಗೆಯೇ ಅಂದ. ಮುಂದಿನ ದೃಶ್ಯದಲ್ಲಿ ನಾನು ಅವನ ಕೈಯಲ್ಲಿ ಸಾಯಬೇಕಿತ್ತು. ಹದಿನಾಲ್ಕು ವರ್ಷ, ಊರೂರಿಗೆ ಹೋಗಿ, ಪ್ರತಿ ಸಲ ಅವನ ಕೈಯಲ್ಲಿ ಸತ್ತಿದ್ದೇನೆ. ಆ ಒಂದು ಉಸಿರಿನಲ್ಲಿ ಅದೆಲ್ಲ ನನ್ನ ತೋಳಿಗೆ ಇಳಿಯಿತು. ಕೊಲ್ಲಬೇಕು ಎಂದುಕೊಂಡೆನೋ, ಬರೀ ಬೆಚ್ಚಿಸಬೇಕು ಎಂದುಕೊಂಡೆನೋ, ದೇವರಾಣೆ ನನಗೆ ಗೊತ್ತಿಲ್ಲ. ಅದನ್ನು ನ್ಯಾಯಾಧೀಶರು ಹೇಳಲಿ.

ನಾಲ್ಕು ಅಡಿ ಅಜಯನದು. ಅದಕ್ಕೆ ಅವನು ಎಷ್ಟು ಅನುಭವಿಸಬೇಕೋ ಅಷ್ಟನ್ನೇ ಅನುಭವಿಸಲಿ. ಐದನೆಯದಕ್ಕೂ ಅವನೇ ತಲೆ ಕೊಡುವುದು ಬೇಡ. ಶುಕ್ರವಾರ ಅವನು ಇಳಿದ ಮೇಲೆ ನಾನು ಕಟ್ಟೆ ಹತ್ತಿ ಇದನ್ನೇ ಹೇಳುತ್ತೇನೆ. ವಕೀಲರಿಗೆ ತಿಳಿಸಿಲ್ಲ. ಕೋರ್ಟಿಗಿಂತ ಮೊದಲು ನಿಮಗೆ ಹೇಳಬೇಕಿತ್ತು.

ನೋಡಿದ್ದೆ, ಅವ್ವಾ. ಅವನ ಮುಖ ನೋಡುತ್ತಲೇ ಹಗ್ಗ ಬಿಟ್ಟೆ.

ನಿಂಗರಾಜ